ದೀರ್ಘ ವೈದ್ಯಕೀಯ ರಜೆ ಮತ್ತು ಪಿಂಚಣಿ: ಕಾಸರಗೋಡಿನ ಸರ್ಕಾರಿ ನೌಕರರಿಗೆ ನಷ್ಟವಾಗುವುದು ಎಲ್ಲಿ?

ಸರ್ವಿಸ್ ಬುಕ್‌ನ ರಜೆ ಪುಟದಲ್ಲಿ ಸಂಬಳವಿಲ್ಲದ ರಜೆ ಎರಡು ರೀತಿಯಲ್ಲಿ ದಾಖಲಾಗಿರುತ್ತದೆ. ಕೆಲವರ ಪುಟದಲ್ಲಿ ‘ಎಲ್‌ಡಬ್ಲ್ಯುಎ’ (ಲೀವ್ ವಿದೌಟ್ ಅಲವೆನ್ಸಸ್) ಎಂದಷ್ಟೇ ಬರೆದು ಎದುರಿಗೆ ಎರಡು ತಾರೀಕು ಹಾಕಿರುತ್ತಾರೆ. ಇನ್ನು ಕೆಲವರದ್ದರಲ್ಲಿ ‘ಎಲ್‌ಡಬ್ಲ್ಯುಎ ಆನ್ ಮೆಡಿಕಲ್ ಸರ್ಟಿಫಿಕೇಟ್’ ಎಂದಿದ್ದು, ಕೆಳಗೆ ಮಂಜೂರಾತಿ ಆದೇಶದ ನಂಬರು, ತಾರೀಕು, ಕಚೇರಿ ಮುಖ್ಯಸ್ಥರ ಸಹಿ ಇರುತ್ತದೆ. ಇಬ್ಬರೂ ಒಂದೇ ಕಾಯಿಲೆಗೆ ಒಂದೂವರೆ ವರ್ಷ ಮನೆಯಲ್ಲಿದ್ದವರೇ ಆಗಿರಬಹುದು. ನಿವೃತ್ತಿಯ ದಿನ ಮೊದಲನೆಯವರ ಅರ್ಹತಾ ಸೇವೆಯಿಂದ, ಅಂದರೆ ಪಿಂಚಣಿಗೆ ಲೆಕ್ಕವಾಗುವ ಸೇವೆಯಿಂದ, ಒಂದೂವರೆ ವರ್ಷ ಕಡಿತವಾಗುತ್ತದೆ, ಎರಡನೆಯವರದ್ದರಲ್ಲಿ ಒಂದು ದಿನವೂ ಹೋಗುವುದಿಲ್ಲ. ದೀರ್ಘ ಕಾಯಿಲೆ ಬಿದ್ದವರ ಪಿಂಚಣಿಗೆ ಏಟು ಬೀಳುವುದು ರಜೆಯ ಉದ್ದದಿಂದ ಎಂದು ಹೆಚ್ಚಿನವರು ತಿಳಿದಿದ್ದಾರೆ. ಕೇರಳ ಸರ್ವಿಸ್ ರೂಲ್ಸ್ ಅಂದರೆ ಕೆಎಸ್‌ಆರ್ ನೋಡುವುದು ಮುಖ್ಯವಾಗಿ ರಜೆಯ ಬಗೆಯನ್ನು ಮತ್ತು ಅದರ ದಾಖಲೆಯನ್ನು.

ಕಾಸರಗೋಡಿನಲ್ಲಿ ಈ ವಿಷಯ ಇನ್ನಷ್ಟು ತೊಡಕಾಗಲು ಕಾರಣವಿದೆ. ಮಂಜೇಶ್ವರ, ಕುಂಬಳೆ, ಬದಿಯಡ್ಕ, ಪೆರ್ಲದ ಕಡೆಯವರು ದೊಡ್ಡ ಚಿಕಿತ್ಸೆಗೆ ಹೋಗುವುದು ಮಂಗಳೂರಿಗೆ, ದೇರಳಕಟ್ಟೆಗೆ. ಸರ್ಟಿಫಿಕೇಟ್ ಕರ್ನಾಟಕದ್ದು, ರಜೆ ಮಂಜೂರು ಮಾಡುವ ಕಚೇರಿ ಕೇರಳದ್ದು, ಪಿಂಚಣಿ ಕಡತ ಕೊನೆಗೆ ಹೋಗುವುದು ತಿರುವನಂತಪುರದ ಅಕೌಂಟೆಂಟ್ ಜನರಲ್ ಕಚೇರಿಗೆ. ಜೊತೆಗೆ ಒಂದೇ ಮನೆಯಲ್ಲಿ ಮೂರು ಸೇವಾ ನಿಯಮಗಳಿಗೆ ಸೇರಿದವರು ಸಿಗುವ ಊರು ಇದು. ಗಂಡ ಕೇರಳದ ಕನ್ನಡ ಮಾಧ್ಯಮ ಶಾಲೆಯ ಮಾಸ್ತರು, ಹೆಂಡತಿ ಮಂಗಳೂರಿನಲ್ಲಿ ಕರ್ನಾಟಕ ಸರ್ಕಾರದ ನೌಕರಿಯಲ್ಲಿ, ತಮ್ಮ ಕೇಂದ್ರದ ತೋಟ ಬೆಳೆ ಸಂಶೋಧನಾ ಸಂಸ್ಥೆಯಾದ ಸಿಪಿಸಿಆರ್‌ಐಯಲ್ಲಿ ಇಲ್ಲವೇ ಅಂಚೆ ಇಲಾಖೆಯಲ್ಲಿ. ಒಬ್ಬರಿಗೆ ಅನ್ವಯಿಸುವ ನಿಯಮವನ್ನು ಇನ್ನೊಬ್ಬರಿಗೆ ಹೇಳಿ ತಪ್ಪುದಾರಿ ಹಿಡಿಸುವುದು ಇಲ್ಲಿ ಸುಲಭವಾಗಿ ಆಗಿಬಿಡುತ್ತದೆ. ಹಾಗಾಗಿ ಮೊದಲು ನೋಡಬೇಕಾದ್ದು ನೀವು ಯಾವ ನಿಯಮದಡಿ, ಯಾವ ಪಿಂಚಣಿ ಯೋಜನೆಯಲ್ಲಿ ಇದ್ದೀರಿ ಎಂಬುದನ್ನು. ಕೇರಳ ಸರ್ಕಾರದ ಸೇವೆಗೆ 2013ರ ಏಪ್ರಿಲ್ 1ರ ಮೊದಲು ಸೇರಿದವರು ಹಳೆಯ ಪಿಂಚಣಿಯವರು, ಆಮೇಲೆ ಸೇರಿದವರು ಎನ್‌ಪಿಎಸ್‌ನವರು, ಅಂದರೆ ನೌಕರ ಮತ್ತು ಸರ್ಕಾರ ಇಬ್ಬರೂ ಖಾತೆಗೆ ಹಣ ತುಂಬುವ ರಾಷ್ಟ್ರೀಯ ಪಿಂಚಣಿ ಯೋಜನೆಯವರು. ಕೇಂದ್ರದಲ್ಲಿ ಈ ಗೆರೆ 2004ರ ಜನವರಿ 1, ಕರ್ನಾಟಕದಲ್ಲಿ 2006ರ ಏಪ್ರಿಲ್ 1. ಎರಡು ಯೋಜನೆಗಳಲ್ಲಿ ರಜೆಯ ಪರಿಣಾಮ ಪೂರ್ತಿ ಬೇರೆ. ಮೊದಲು ಕೇರಳದ ಹಳೆಯ ಪಿಂಚಣಿಯವರ ವಿಚಾರ.

ಯಾವ ರಜೆ ಸೇವೆಯೊಳಗೆ, ಯಾವುದು ಹೊರಗೆ

ಸಂಬಳ ಬರುವ ಯಾವ ರಜೆಯೂ ಅರ್ಹತಾ ಸೇವೆಯನ್ನು ಕಡಿಮೆ ಮಾಡುವುದಿಲ್ಲ. ಅರ್ನ್ಡ್ ಲೀವ್, ಹಾಫ್ ಪೇ ಲೀವ್, ಅದನ್ನೇ ಪೂರ್ಣ ಸಂಬಳಕ್ಕೆ ಬದಲಾಯಿಸಿಕೊಳ್ಳುವ ಕಮ್ಯೂಟೆಡ್ ಲೀವ್, ಮುಂದೆ ಗಳಿಸಲಿರುವ ಹಾಫ್ ಪೇ ರಜೆಯನ್ನು ಮೊದಲೇ ಪಡೆಯುವ ‘ಲೀವ್ ನಾಟ್ ಡ್ಯೂ’ ಎಲ್ಲವೂ ಸೇವೆಯೊಳಗೇ ಬರುತ್ತವೆ. ಹಾಫ್ ಪೇ ರಜೆಯಲ್ಲಿ ಅರ್ಧ ಸಂಬಳ ಬಂತೆಂದು ಅರ್ಧ ದಿನದ ಸೇವೆ ಎಂದು ಯಾರೂ ಲೆಕ್ಕ ಹಾಕುವುದಿಲ್ಲ, ಪೂರ್ಣ ದಿನವೇ ಸಿಗುತ್ತದೆ.

ಇವೆಲ್ಲ ಮುಗಿದ ಮೇಲೆ ಬರುವುದು ಸಂಬಳರಹಿತ ರಜೆ, ಕೇರಳದ ಕಚೇರಿಗಳ ಮಾತಿನಲ್ಲಿ ಎಲ್‌ಡಬ್ಲ್ಯುಎ ಅಥವಾ ಶೂನ್ಯವೇತನ ರಜೆ. ನೌಕರನ ಸ್ವಂತ ಕಾಯಿಲೆಗೆ, ವೈದ್ಯಕೀಯ ಸರ್ಟಿಫಿಕೇಟಿನ ಮೇಲೆ ಮಂಜೂರಾದ ಎಲ್‌ಡಬ್ಲ್ಯುಎ ಪಿಂಚಣಿಗೂ ವಾರ್ಷಿಕ ಇಂಕ್ರಿಮೆಂಟಿಗೂ ಲೆಕ್ಕಕ್ಕೆ ಬರುತ್ತದೆ. ಸ್ವಂತ ಕೆಲಸಕ್ಕೆಂದು ತೆಗೆದ ಎಲ್‌ಡಬ್ಲ್ಯುಎ ಎರಡಕ್ಕೂ ಬರುವುದಿಲ್ಲ. ಆ ಅವಧಿಯಷ್ಟು ಇಂಕ್ರಿಮೆಂಟ್ ತಾರೀಕು ಮುಂದಕ್ಕೆ ಹೋಗುತ್ತದೆ, ಸೇವೆ ಅಷ್ಟು ಕಡಿಮೆಯಾಗುತ್ತದೆ.

ಇಲ್ಲಿ ಬಹಳ ನೋವಿನ ಒಂದು ಸಂಗತಿಯಿದೆ. ತಾಯಿಯ ಕ್ಯಾನ್ಸರ್, ಗಂಡನ ಪಾರ್ಶ್ವವಾಯು, ಹಾಸಿಗೆ ಬಿಟ್ಟೇಳಲಾಗದ ಮಗುವಿನ ಆರೈಕೆ ಇಂಥವಕ್ಕೆ ತೆಗೆದ ಸಂಬಳರಹಿತ ರಜೆ ಎಷ್ಟೇ ನ್ಯಾಯವಾಗಿದ್ದರೂ ನೌಕರನ ಸ್ವಂತ ಕಾಯಿಲೆಯದ್ದಲ್ಲ. ಎಣ್ಮಕಜೆ, ಬೆಳ್ಳೂರು ಕಡೆ ಎಂಡೋಸಲ್ಫಾನ್ ಪೀಡಿತ ಮಕ್ಕಳಿರುವ ಮನೆಗಳಲ್ಲಿ ನೌಕರಿಯಲ್ಲಿರುವ ತಾಯಿ ವರ್ಷಗಟ್ಟಲೆ ಮಗುವಿನ ಜೊತೆ ನಿಲ್ಲಬೇಕಾಗುತ್ತದೆ. ಆ ರಜೆ ಪಿಂಚಣಿಯ ಲೆಕ್ಕದಿಂದ ಹೊರಗೇ ಉಳಿಯುತ್ತದೆ. ಕೇಂದ್ರ ಸರ್ಕಾರದ ಮಹಿಳಾ ನೌಕರರಿಗೆ ಮಕ್ಕಳ ಆರೈಕೆಗೆಂದೇ ಸೇವಾವಧಿಯಲ್ಲಿ 730 ದಿನಗಳ ಸಂಬಳ ಸಹಿತ ರಜೆ ಇದೆ. ಮೊದಲ 365 ದಿನ ಪೂರ್ಣ ಸಂಬಳ, ನಂತರದ 365 ದಿನ ಶೇ. 80. ಕೇರಳದ ನೌಕರರಿಗೂ ಅಂಥದ್ದೊಂದು ಬೇಕು ಎಂಬ ಬೇಡಿಕೆ ಈ ಜಿಲ್ಲೆಯಿಂದ ಗಟ್ಟಿಯಾಗಿ ಏಳಬೇಕು. ಆ ತನಕ ಆರೈಕೆಗೆ ನಿಲ್ಲುವವರು ಮೊದಲು ಸಂಬಳವಿರುವ ರಜೆಗಳನ್ನೇ ಬಳಸಿ, ಎಲ್‌ಡಬ್ಲ್ಯುಎಯನ್ನು ಕೊನೆಗೆ ಇಟ್ಟುಕೊಳ್ಳುವುದು ಒಳ್ಳೆಯದು.

ರಜೆಗಳನ್ನು ಯಾವ ಕ್ರಮದಲ್ಲಿ ಬಳಸಬೇಕು ಎಂಬುದೂ ಯೋಚಿಸಬೇಕಾದ್ದೇ. ಕಾಯಿಲೆ ಬಂದ ಕೂಡಲೇ ಅರ್ನ್ಡ್ ಲೀವ್ ಹಾಕಿ ಮುಗಿಸುವವರು ಹೆಚ್ಚು. ಅರ್ನ್ಡ್ ಲೀವ್ ನಿವೃತ್ತಿಯ ಹೊತ್ತಿಗೆ 300 ದಿನದ ತನಕ ಹಣವಾಗಿ ಕೈಗೆ ಬರುತ್ತದೆ. ಕೇರಳದಲ್ಲಿ ಹಾಫ್ ಪೇ ರಜೆಗೆ ಆ ಸೌಲಭ್ಯ ಇಲ್ಲ. ವರ್ಷಕ್ಕೆ 20 ದಿನದಂತೆ ಸೇರುವ ಹಾಫ್ ಪೇ ರಜೆ 18 ವರ್ಷ ಸೇವೆ ಮಾಡಿದವರ ಖಾತೆಯಲ್ಲಿ 360 ದಿನ ಇರಬಹುದು. ಅದನ್ನು ಕಮ್ಯೂಟ್ ಮಾಡಿದರೆ 180 ದಿನ ಪೂರ್ಣ ಸಂಬಳ ಸಿಗುತ್ತದೆ, ಖಾತೆಯಿಂದ ಎರಡರಷ್ಟು ಕಳೆಯುತ್ತಾರೆ. ಉಪಯೋಗಿಸದಿದ್ದರೆ ನಿವೃತ್ತಿಯ ದಿನ ಆ ರಜೆ ಹಾಗೆಯೇ ಲಯವಾಗುತ್ತದೆ. ಕಾಯಿಲೆಗೆ ಮೊದಲು ಕಮ್ಯೂಟೆಡ್ ಲೀವ್ ಬಳಸಿ ಅರ್ನ್ಡ್ ಲೀವ್ ಉಳಿಸಿಕೊಳ್ಳುವುದು ಹೆಚ್ಚಿನವರಿಗೆ ಲಾಭ. ಆದರೆ ರಜೆ ಎಷ್ಟು ತೆಗೆದರೂ ಆ ಅವಧಿಗೆ ಹೊಸ ಅರ್ನ್ಡ್ ಲೀವ್ ಸೇರುವುದಿಲ್ಲ. ಅದು ಕರ್ತವ್ಯದ ದಿನಗಳ ಹನ್ನೊಂದನೇ ಒಂದು ಭಾಗದಂತೆ ಮಾತ್ರ ಹುಟ್ಟುತ್ತದೆ. ಹನ್ನೊಂದು ತಿಂಗಳು ರಜೆಯಲ್ಲಿದ್ದವರಿಗೆ ಸುಮಾರು 30 ದಿನದ ಅರ್ನ್ಡ್ ಲೀವ್ ತಪ್ಪಿತು ಎಂದೇ ಲೆಕ್ಕ.

ಶಾಲಾ ಶಿಕ್ಷಕರಿಗೆ ಈ ಮೆತ್ತೆ ತೆಳುವಾಗಿದೆ. ಬೇಸಿಗೆ ರಜೆ ಸಿಗುವ ಕಾರಣ ಅವರಿಗೆ ಅರ್ನ್ಡ್ ಲೀವ್ ಇತರರಂತೆ ಸೇರುವುದಿಲ್ಲ. ಚುನಾವಣೆ, ಪರೀಕ್ಷೆ, ತರಬೇತಿ ಎಂದು ರಜಾಕಾಲದಲ್ಲಿ ದುಡಿದಷ್ಟಕ್ಕೆ ಮಾತ್ರ ಸೇರುತ್ತದೆ. ಕಾಸರಗೋಡಿನ ಕನ್ನಡ ನೌಕರರಲ್ಲಿ ಶಿಕ್ಷಕರೇ ದೊಡ್ಡ ವರ್ಗ. ಅವರಲ್ಲಿ ಅನುದಾನಿತ ಶಾಲೆಗಳವರಿಗೂ ಪಿಂಚಣಿಯ ಲೆಕ್ಕ ಕೆಎಸ್‌ಆರ್ ಪ್ರಕಾರವೇ ನಡೆಯುತ್ತದೆ. ದೀರ್ಘ ಕಾಯಿಲೆಯಲ್ಲಿ ಇವರು ಬೇಗ ಹಾಫ್ ಪೇ ಮುಗಿಸಿ ಎಲ್‌ಡಬ್ಲ್ಯುಎಗೆ ಬಂದು ನಿಲ್ಲುತ್ತಾರೆ. ಸರ್ಟಿಫಿಕೇಟಿನ ವಿಷಯದಲ್ಲಿ ಉಳಿದವರಿಗಿಂತ ಹೆಚ್ಚು ಎಚ್ಚರ ಬೇಕಾದ್ದು ಇವರಿಗೆ.

‘ಲೀವ್ ನಾಟ್ ಡ್ಯೂ’ ಇಡೀ ಸೇವೆಯಲ್ಲಿ 360 ದಿನ ಸಿಗುತ್ತದೆ. ಅರ್ಧ ಸಂಬಳ ಬರುತ್ತದೆ, ಸೇವೆಯೂ ಉಳಿಯುತ್ತದೆ. ನೌಕರ ಗುಣವಾಗಿ ಮರಳಿ ಬಂದು ಅಷ್ಟು ರಜೆಯನ್ನು ದುಡಿದು ತೀರಿಸುವ ನಿರೀಕ್ಷೆ ಇದ್ದರಷ್ಟೇ ಇದನ್ನು ಕೊಡುತ್ತಾರೆ. ತೀರಿಸುವ ಮೊದಲು ತಾನಾಗಿ ಸ್ವಯಂ ನಿವೃತ್ತಿ ಪಡೆದರೆ ರಜೆ ಸಂಬಳ ವಾಪಸು ಕಟ್ಟಬೇಕಾಗಿ ಬರುತ್ತದೆ.

ಎರಡು ವರ್ಷದ ಬೆಲೆ

ಕೇರಳದಲ್ಲಿ ಪಿಂಚಣಿಗೆ ಕನಿಷ್ಠ 10 ವರ್ಷ, ಪೂರ್ಣ ಪಿಂಚಣಿಗೆ 30 ವರ್ಷ ಅರ್ಹತಾ ಸೇವೆ ಬೇಕು. ಕೊನೆಯ 10 ತಿಂಗಳ ಸರಾಸರಿ ಸಂಬಳದ ಅರ್ಧವನ್ನು ಸೇವಾ ವರ್ಷಗಳಿಂದ ಗುಣಿಸಿ 30ರಿಂದ ಭಾಗಿಸುತ್ತಾರೆ. ಹಳೆಯ ಪಿಂಚಣಿಯವರು ನಿವೃತ್ತರಾಗುವುದು 56ಕ್ಕೆ. ಪಿಎಸ್‌ಸಿ ಮೂಲಕ ತಡವಾಗಿ ನೌಕರಿ ಸಿಕ್ಕವರಿಗೆ 30 ವರ್ಷ ಕನಸಿನ ಮಾತು, ಆದ್ದರಿಂದ ಅವರಿಗೆ ಪ್ರತಿಯೊಂದು ವರ್ಷಕ್ಕೂ ಬೆಲೆಯಿದೆ.

ಉದಾಹರಣೆಗೆ 2012ರಲ್ಲಿ 35ನೇ ವಯಸ್ಸಿಗೆ ಸೇರಿ 21 ವರ್ಷ ಸೇವೆ ಮುಗಿಸಿ ನಿವೃತ್ತರಾಗುವ ಒಬ್ಬರನ್ನು ತೆಗೆದುಕೊಳ್ಳಿ. ಸರಾಸರಿ ಸಂಬಳ 60,000 ರೂಪಾಯಿ ಎಂದಿಟ್ಟುಕೊಳ್ಳೋಣ. 21 ವರ್ಷಕ್ಕೆ ಪಿಂಚಣಿ 21,000. ನಡುವೆ ಎರಡು ವರ್ಷದ ಎಲ್‌ಡಬ್ಲ್ಯುಎ ವೈದ್ಯಕೀಯ ಎಂದು ದಾಖಲಾಗದೆ ಹೋದರೆ 19 ವರ್ಷಕ್ಕೆ 19,000. ತಿಂಗಳಿಗೆ 2,000 ಬದುಕಿರುವ ತನಕ ಕಡಿಮೆ, ಅದರ ಮೇಲಿನ ತುಟ್ಟಿಭತ್ಯೆಯೂ ಅಷ್ಟಕ್ಕಷ್ಟೇ ಕಡಿಮೆ. ಪಿಂಚಣಿಯ ಶೇ. 40ರಷ್ಟನ್ನು ಕಮ್ಯೂಟ್ ಮಾಡಿ ಇಡಿಗಂಟು ಪಡೆಯುವಾಗ ಆ ಭಾಗದ 12 ತಿಂಗಳ ಮೊತ್ತವನ್ನು 11.10ರಿಂದ ಗುಣಿಸಿದರೆ 21,000ಕ್ಕೆ 11,18,880 ರೂಪಾಯಿ ಬರುತ್ತದೆ, 19,000ಕ್ಕೆ 10,12,320. ವ್ಯತ್ಯಾಸ 1,06,560. ಗ್ರಾಚುಟಿ ಅಂದರೆ ಡಿಸಿಆರ್‌ಜಿ ಸೇವೆಯ ಪ್ರತಿ ವರ್ಷಕ್ಕೆ ಅರ್ಧ ತಿಂಗಳ ಸಂಬಳ ಮತ್ತು ತುಟ್ಟಿಭತ್ಯೆ. ಎರಡು ವರ್ಷ ಹೋದರೆ ಒಂದು ತಿಂಗಳದ್ದು ಹೋಯಿತು. ಇಂಕ್ರಿಮೆಂಟೂ ಎರಡು ವರ್ಷ ಹಿಂದುಳಿದಿರುವುದರಿಂದ ಸರಾಸರಿ ಸಂಬಳ 60,000ಕ್ಕೆ ತಲುಪುವುದೇ ಇಲ್ಲ, ನಿಜವಾದ ನಷ್ಟ ಇದಕ್ಕಿಂತ ಹೆಚ್ಚು. ಸ್ವಯಂ ನಿವೃತ್ತಿಗೆ ಬೇಕಾದ್ದು 20 ವರ್ಷ ಅರ್ಹತಾ ಸೇವೆ. 21 ವರ್ಷದವರಿಗೆ ಆ ಬಾಗಿಲು ತೆರೆದಿರುತ್ತದೆ, 19ರವರಿಗೆ ಮುಚ್ಚಿರುತ್ತದೆ.

ಕೊನೆಯ 10 ತಿಂಗಳ ಬಗ್ಗೆ ಒಂದು ಹೆದರಿಕೆ ಜನರಲ್ಲಿದೆ. ಹಾಫ್ ಪೇ ರಜೆಯಲ್ಲಿರುವಾಗಲೇ ನಿವೃತ್ತಿಯಾದರೆ ಪಿಂಚಣಿಯೂ ಅರ್ಧಕ್ಕೆ ಇಳಿಯುತ್ತದೆ ಎಂದು. ಇದು ತಪ್ಪು ತಿಳಿವಳಿಕೆ. ಸಂಬಳ ಸಹಿತ ರಜೆಯಲ್ಲಿದ್ದವರಿಗೆ ಸರಾಸರಿ ತೆಗೆಯುವುದು ಕರ್ತವ್ಯದಲ್ಲಿದ್ದಿದ್ದರೆ ಬರುತ್ತಿದ್ದ ಸಂಬಳದ ಮೇಲೆ. ಕಾಯಿಲೆ ಹಿಡಿದ ಮೈಯಲ್ಲಿ ಕೊನೆಯ ತಿಂಗಳುಗಳಲ್ಲಿ ಕಷ್ಟಪಟ್ಟು ಕಚೇರಿಗೆ ಬಂದು ಸಹಿ ಹಾಕುವವರು ಈ ಕಾರಣಕ್ಕಾಗಿ ಹಾಗೆ ಮಾಡಬೇಕಾದ್ದಿಲ್ಲ.

ಸರ್ಟಿಫಿಕೇಟಿನ ಒಂದೊಂದು ಸಾಲು

ಆಸ್ಪತ್ರೆಯ ಡಿಸ್ಚಾರ್ಜ್ ಸಮ್ಮರಿಯನ್ನೇ ವೈದ್ಯಕೀಯ ಸರ್ಟಿಫಿಕೇಟ್ ಎಂದು ಕೊಟ್ಟು ಬರುವವರು ತುಂಬಾ ಮಂದಿ. ರಜೆಗೆ ಅದು ಸಾಲದು. ನಿಗದಿತ ನಮೂನೆಯಲ್ಲಿ ಮೇಲೆ ನೌಕರನ ಸಹಿ ಇರಬೇಕು, ವೈದ್ಯರು ತಾವೇ ಪರೀಕ್ಷಿಸಿದ್ದಾಗಿ ಬರೆಯಬೇಕು, ಕಾಯಿಲೆಯ ಹೆಸರು ಬೇಕು, ಇಂಥ ತಾರೀಕಿನಿಂದ ಇಷ್ಟು ಕಾಲ ಕೆಲಸದಿಂದ ದೂರವಿರುವುದು ಆರೋಗ್ಯ ಸುಧಾರಣೆಗೆ ತೀರಾ ಅಗತ್ಯ ಎಂಬ ಒಕ್ಕಣೆ ಬೇಕು. ಕೆಳಗೆ ಸಹಿ, ಸೀಲು, ಮೆಡಿಕಲ್ ಕೌನ್ಸಿಲ್ ನೋಂದಣಿ ಸಂಖ್ಯೆ. ಮಂಗಳೂರಿನ ವೈದ್ಯರದ್ದಾದರೆ ಕರ್ನಾಟಕ ಮೆಡಿಕಲ್ ಕೌನ್ಸಿಲಿನ ನೋಂದಣಿ ಸಂಖ್ಯೆ ಓದಲು ಬರುವಂತೆ ಇರಲಿ. ಸಂಶಯ ಬಂದರೆ ರಜೆ ಮಂಜೂರು ಮಾಡುವವರು ಸರ್ಕಾರಿ ವೈದ್ಯಾಧಿಕಾರಿಯ ಅಥವಾ ಮೆಡಿಕಲ್ ಬೋರ್ಡಿನ ಎರಡನೇ ಅಭಿಪ್ರಾಯ ಕೇಳಬಹುದು. ಅದಕ್ಕೆ ತಕರಾರು ತೆಗೆಯದೆ ಎಲ್ಲ ವರದಿಗಳೊಂದಿಗೆ ಹೋಗುವುದೇ ಮೇಲು. ಬೋರ್ಡಿನ ಮಾತು ಬಂದ ಮೇಲೆ ಆ ರಜೆಯನ್ನು ಪ್ರಶ್ನಿಸುವುದು ಮುಂದೆ ಯಾರಿಗೂ ಸುಲಭವಲ್ಲ.

ಹೆಚ್ಚು ಹಾನಿ ಆಗುವುದು ಎರಡು ಸರ್ಟಿಫಿಕೇಟುಗಳ ನಡುವಿನ ಬಿರುಕಿನಲ್ಲಿ. ಮೊದಲನೆಯದು ಜೂನ್ 3ರಿಂದ ಆಗಸ್ಟ್ 31ರ ತನಕ. ಮುಂದಿನ ತಪಾಸಣೆ ಸೆಪ್ಟೆಂಬರ್ 3ಕ್ಕೆ, ವೈದ್ಯರು ಅದೇ ದಿನದಿಂದ ಮೂರು ತಿಂಗಳು ಎಂದು ಬರೆದುಕೊಡುತ್ತಾರೆ. ಸೆಪ್ಟೆಂಬರ್ 1 ಮತ್ತು 2 ಯಾವ ಸರ್ಟಿಫಿಕೇಟಿನಲ್ಲೂ ಇಲ್ಲ. ಎರಡು ದಿನ ತಾನೇ ಎಂದು ಯಾರೂ ಗಮನಿಸುವುದಿಲ್ಲ. ಆದರೆ ಆ ಎರಡು ದಿನ ಅನುಮತಿಯಿಲ್ಲದ ಗೈರುಹಾಜರಿ ಎಂದು ನಿಂತರೆ ಸೇವೆಯ ನಿರಂತರತೆಯ ಪ್ರಶ್ನೆಯೇ ಏಳುತ್ತದೆ. ಅರ್ಹತಾ ಸೇವೆಯನ್ನು ಕೊನೆಗೆ ಪೂರ್ಣ ವರ್ಷಗಳ ಲೆಕ್ಕಕ್ಕೆ ತರುವುದರಿಂದ, ಅಂಚಿನಲ್ಲಿರುವವರಿಗೆ ಕೆಲವೇ ದಿನ ಒಂದು ವರ್ಷದ ಪಿಂಚಣಿಯನ್ನು ಕಸಿಯಬಲ್ಲದು. ಅದಕ್ಕೇ ಮೊದಲ ಅವಧಿ ಮುಗಿಯುವ ಮುನ್ನವೇ ತಪಾಸಣೆಯ ದಿನ ಹಾಕಿಸಿಕೊಳ್ಳಿ. ಆಗದಿದ್ದರೆ ಹಳೆಯ ಅವಧಿ ಮುಗಿದ ಮರುದಿನದಿಂದಲೇ ಚಿಕಿತ್ಸೆ ಮುಂದುವರಿದಿತ್ತು ಎಂಬುದನ್ನು ದಾಖಲೆ ನೋಡಿ ಬರೆದುಕೊಡಲು ವೈದ್ಯರನ್ನು ಕೇಳಿ. 2020ರ ಮಾರ್ಚ್ ಕೊನೆಗೆ ಕೋವಿಡ್ ಕಾರಣದಿಂದ ತಲಪಾಡಿ ಗಡಿ ಮುಚ್ಚಿದಾಗ ಮಂಗಳೂರಿನ ಚಿಕಿತ್ಸೆಯನ್ನೇ ನಂಬಿದ್ದ ರೋಗಿಗಳು ದಾರಿಯಿಲ್ಲದೆ ಉಳಿದರು. ಮೂಲ ಚಿಕಿತ್ಸೆ ಎಲ್ಲೇ ಇರಲಿ, ಹತ್ತಿರದ ಸರ್ಕಾರಿ ಆಸ್ಪತ್ರೆಯಲ್ಲಿ ಒಂದು ಓಪಿ ಚೀಟಿ, ಒಂದು ಕಡತ ಇಟ್ಟುಕೊಂಡಿದ್ದರೆ ಅಂಥ ಹೊತ್ತಿನಲ್ಲಿ ಮುಂದುವರಿಕೆಯ ಸರ್ಟಿಫಿಕೇಟ್ ಸಿಗುವ ದಾರಿ ಇರುತ್ತದೆ.

ವೈದ್ಯಕೀಯ ರಜೆಯಿಂದ ಮರಳುವಾಗ ಫಿಟ್‌ನೆಸ್ ಸರ್ಟಿಫಿಕೇಟ್ ಇಲ್ಲದೆ ಹಾಜರಾಗುವಂತಿಲ್ಲ. ರಜೆಯ ಕೊನೆಯ ದಿನ ಮತ್ತು ಫಿಟ್‌ನೆಸ್ ತಾರೀಕು ತಾಳೆಯಾಗದಿದ್ದರೆ ಮತ್ತೆ ಅದೇ ಬಿರುಕು.

ಅರ್ಜಿಯಲ್ಲಿ ‘ರಜೆ ಮಂಜೂರು ಮಾಡಬೇಕು’ ಎಂದಷ್ಟೇ ಬರೆಯಬೇಡಿ. ಇಂಥ ದಿನದಿಂದ ಇಂಥ ದಿನದ ತನಕ ಕಮ್ಯೂಟೆಡ್ ಲೀವ್, ಆಮೇಲೆ ಇಷ್ಟು ದಿನ ಹಾಫ್ ಪೇ, ಉಳಿದದ್ದು ವೈದ್ಯಕೀಯ ಸರ್ಟಿಫಿಕೇಟಿನ ಮೇಲೆ ಎಲ್‌ಡಬ್ಲ್ಯುಎ ಎಂದು ಒಡೆದು ಬರೆಯಿರಿ. ಮಂಜೂರಾತಿ ಆದೇಶದಲ್ಲೂ ಇದೇ ಮಾತು ಬಂದಿದೆಯೇ ನೋಡಿ. ನೌಕರ ಐಸಿಯುನಲ್ಲಿದ್ದು ಅರ್ಜಿಯನ್ನು ಮನೆಯವರೇ ಕೊಡಬೇಕಾದ ಸಂದರ್ಭದಲ್ಲಿ ಭಾಷೆಯ ಅಳುಕು ಬೇಡ. 1969ರ ಕೇರಳ ಅಧಿಕೃತ ಭಾಷಾ ಕಾಯ್ದೆ ಇಲ್ಲಿನ ಕನ್ನಡಿಗರಿಗೆ ಸ್ಥಳೀಯ ಕಚೇರಿಗಳೊಂದಿಗೆ ಕನ್ನಡದಲ್ಲೇ ಪತ್ರವ್ಯವಹಾರ ನಡೆಸುವ ಹಕ್ಕು ಕೊಟ್ಟಿದೆ. ಕೊಟ್ಟ ಅರ್ಜಿಗೆ ಮುದ್ರೆ, ತಾರೀಕು ಇರುವ ರಸೀದಿ ಪಡೆಯುವುದಂತೂ ಯಾವ ಭಾಷೆಯಲ್ಲಾದರೂ ಬೇಕೇ ಬೇಕು.

ಕಚೇರಿಯೊಳಗೆ ಏನು ತಪ್ಪುತ್ತದೆ

ರಜೆ ಎರಡು ಕಡೆ ದಾಖಲಾಗಬೇಕು, ಕೇರಳ ಸರ್ಕಾರದ ನೌಕರರ ಸಂಬಳ ಮತ್ತು ಸೇವಾ ವಿವರಗಳ ‘ಸ್ಪಾರ್ಕ್’ ತಂತ್ರಾಂಶದಲ್ಲಿ ಮತ್ತು ಸರ್ವಿಸ್ ಬುಕ್‌ನಲ್ಲಿ. ಸಂಬಳದ ಬಿಲ್ಲು ಸ್ಪಾರ್ಕ್ ಮೂಲಕ ಹೋಗುವುದರಿಂದ ಸಂಬಳ ನಿಲ್ಲಿಸಲು ಅಲ್ಲಿ ಬೇಗ ನಮೂದಾಗುತ್ತದೆ. ಅವಸರದಲ್ಲಿ ಬರೀ ಎಲ್‌ಡಬ್ಲ್ಯುಎ ಎಂದು ಆಯ್ಕೆ ಮಾಡಿರುತ್ತಾರೆ, ವೈದ್ಯಕೀಯ ಮಂಜೂರಾತಿ ಎರಡು ತಿಂಗಳ ಮೇಲೆ ಬರುತ್ತದೆ, ಸ್ಪಾರ್ಕಿನಲ್ಲಿ ಅದನ್ನು ತಿದ್ದುವುದು ಉಳಿದುಬಿಡುತ್ತದೆ. ಸರ್ವಿಸ್ ಬುಕ್‌ನಲ್ಲಿ ಅಷ್ಟರಲ್ಲಿ ನೌಕರನ ವರ್ಗಾವಣೆಯಾಗಿ ಪುಸ್ತಕವೇ ಬೇರೆ ಕಚೇರಿಗೆ ಹೋಗಿರುತ್ತದೆ. ಹದಿನೈದು ವರ್ಷ ಕಳೆದು ಪಿಂಚಣಿ ಕಡತ ಅಕೌಂಟೆಂಟ್ ಜನರಲ್ ಕಚೇರಿಗೆ ಹೋದಾಗ, ಸ್ಪಾರ್ಕಿನಲ್ಲಿ ಒಂದು, ಪುಸ್ತಕದಲ್ಲಿ ಇನ್ನೊಂದು, ಆದೇಶದ ಪ್ರತಿ ಎಲ್ಲೂ ಇಲ್ಲ. ಸ್ಪಷ್ಟೀಕರಣ ಕೇಳಿ ಕಡತ ಹಿಂದಕ್ಕೆ ಬರುತ್ತದೆ. ಅಂದು ಮಂಜೂರು ಮಾಡಿದ ಅಧಿಕಾರಿ ನಿವೃತ್ತರಾಗಿರುತ್ತಾರೆ, ಹಳೆಯ ಕಡತಗಳು ವಿಲೇವಾರಿಯಾಗಿರುತ್ತವೆ. ಸೇವೆಯಲ್ಲಿರುವಾಗ ಒಂದು ತಿದ್ದುಪಡಿ ಆದೇಶದಲ್ಲಿ ಮುಗಿಯುತ್ತಿದ್ದ ಕೆಲಸ ನಿವೃತ್ತಿಯ ಮೇಲೆ ತಿಂಗಳುಗಟ್ಟಲೆ ಎಳೆಯುತ್ತದೆ.

ಹೀಗಾಗಿ ಕೆಲಸಕ್ಕೆ ಮರಳಿದ ಮೊದಲ ತಿಂಗಳಲ್ಲೇ ಮೂರು ಕಾಗದ ಕೈಗೆ ಬರಬೇಕು. ಮಂಜೂರಾತಿ ಆದೇಶದ ಪ್ರತಿ, ಸರ್ವಿಸ್ ಬುಕ್‌ನ ಆ ಪುಟದ ನಕಲು, ಸ್ಪಾರ್ಕಿನ ರಜೆ ಖಾತೆಯ ಮುದ್ರಿತ ಪ್ರತಿ. ಇಂಕ್ರಿಮೆಂಟ್ ತಾರೀಕನ್ನೂ ಆಗಲೇ ನೋಡಿ. ವೈದ್ಯಕೀಯ ಎಲ್‌ಡಬ್ಲ್ಯುಎ ಆಗಿದ್ದೂ ಇಂಕ್ರಿಮೆಂಟ್ ಮುಂದೆ ಹೋಗಿದ್ದರೆ ಕಚೇರಿ ಅದನ್ನು ಸಾಮಾನ್ಯ ಎಲ್‌ಡಬ್ಲ್ಯುಎ ಎಂದೇ ತಿಳಿದಿದೆ ಎಂದು ಅರ್ಥ. ಪಿಂಚಣಿಯ ತಪ್ಪು ಮೊದಲು ಬೆಳಕಿಗೆ ಬರುವುದು ಅಲ್ಲಿಯೇ.

ಸಂಬಳ ನಿಂತಾಗ ಕಡಿತಗಳೂ ನಿಲ್ಲುತ್ತವೆ ಎಂಬುದನ್ನು ಮರೆಯಬಾರದು. ರಾಜ್ಯ ಜೀವವಿಮೆ, ಗುಂಪು ವಿಮೆ, 2022ರ ಜುಲೈ 1ರಿಂದ ಬಂದ ಮೆಡಿಸೆಪ್ ಆರೋಗ್ಯ ವಿಮೆ ಇವುಗಳ ಕಂತು ಸಂಬಳದಿಂದ ಹೋಗುತ್ತಿತ್ತು. ಎಲ್‌ಡಬ್ಲ್ಯುಎ ಶುರುವಾಗುವ ಮೊದಲೇ ಸಂಬಳದ ಬಿಲ್ಲು ಮಾಡುವ ಅಧಿಕಾರಿ ಅಂದರೆ ಡಿಡಿಒ ಹತ್ತಿರ ಕೂತು ಯಾವುದನ್ನು ಯಾವ ಚಲನ್ ಮೂಲಕ ಕಟ್ಟಬೇಕೆಂದು ಬರೆದುಕೊಳ್ಳಿ. ಕಾಯಿಲೆಯ ನಡುವೆ ಆರೋಗ್ಯ ವಿಮೆಯ ಕಂತು ಬಾಕಿಯಾಗುವುದು ಎಲ್ಲಕ್ಕಿಂತ ಕೆಟ್ಟದ್ದು.

ಗುಣವಾಗದ ಕಾಯಿಲೆ: ರಾಜೀನಾಮೆ ಬರೆಯುವ ಮುನ್ನ

ಎಷ್ಟೇ ದೊಡ್ಡ ಕಾಯಿಲೆಯಾದರೂ ಯಾವ ಬಗೆಯ ರಜೆಯೂ ಸತತ ಐದು ವರ್ಷ ದಾಟುವಂತಿಲ್ಲ. ಆ ಗಡಿ ಹತ್ತಿರವಾಗುತ್ತಿದ್ದಂತೆ ಕುಟುಂಬದವರು, ಕೆಲವೊಮ್ಮೆ ಕಚೇರಿಯವರೇ, ಒಂದು ರಾಜೀನಾಮೆ ಕೊಟ್ಟು ಮುಗಿಸಿ ಎನ್ನುತ್ತಾರೆ. ದಯವಿಟ್ಟು ಕೊಡಬೇಡಿ. ರಾಜೀನಾಮೆ ಅಷ್ಟೂ ವರ್ಷಗಳ ಹಿಂದಿನ ಸೇವೆಯನ್ನು ಅಳಿಸುತ್ತದೆ. 24 ವರ್ಷ ದುಡಿದವರಿಗೂ ಪಿಂಚಣಿ ಇಲ್ಲ, ಗ್ರಾಚುಟಿ ಇಲ್ಲ, ಮುಂದೆ ಹೆಂಡತಿಗೆ ಅಥವಾ ಗಂಡನಿಗೆ ಕುಟುಂಬ ಪಿಂಚಣಿಯೂ ಇಲ್ಲ. ಅರ್ಜಿ ಹಾಕದೆ ಸುಮ್ಮನೆ ಮನೆಯಲ್ಲಿ ಉಳಿಯುವುದೂ ಅಷ್ಟೇ ಅಪಾಯ. ಗೈರುಹಾಜರಿಗೆ ಶಿಸ್ತುಕ್ರಮ ಶುರುವಾಗಿ ಸೇವೆಯಿಂದ ತೆಗೆದುಹಾಕಿದರೆ ಫಲ ರಾಜೀನಾಮೆಯದ್ದೇ.

ಇದಕ್ಕೆ ಬದಲಾಗಿ ಮೂರು ದಾರಿಗಳಿವೆ. 20 ವರ್ಷ ಅರ್ಹತಾ ಸೇವೆ ಆದವರು ಸ್ವಯಂ ನಿವೃತ್ತಿ ಪಡೆಯಬಹುದು, ವೈದ್ಯಕೀಯ ಎಲ್‌ಡಬ್ಲ್ಯುಎ ಆ 20ರೊಳಗೆ ಸೇರಿಯೇ ಇರುತ್ತದೆ. ದೇಹ ಅಥವಾ ಮನಸ್ಸು ಕೆಲಸಕ್ಕೆ ಶಾಶ್ವತವಾಗಿ ಅಸಮರ್ಥ ಎಂದು ಮೆಡಿಕಲ್ ಬೋರ್ಡ್ ಹೇಳಿದರೆ ಇನ್‌ವ್ಯಾಲಿಡ್ ಪಿಂಚಣಿ ಅಂದರೆ ಅಶಕ್ತತಾ ಪಿಂಚಣಿ ಇದೆ. ಮೂರನೆಯದು ಹೆಚ್ಚಿನವರಿಗೆ ಗೊತ್ತಿಲ್ಲದ್ದು, ಆದರೆ ಎಲ್ಲಕ್ಕಿಂತ ಬಲವಾದದ್ದು. 2016ರ ಅಂಗವಿಕಲರ ಹಕ್ಕುಗಳ ಕಾಯ್ದೆಯ 20ನೇ ಸೆಕ್ಷನ್ನಿನ 4ನೇ ಉಪಸೆಕ್ಷನ್ ಪ್ರಕಾರ, ಸೇವೆಯಲ್ಲಿರುವಾಗ ಅಂಗವೈಕಲ್ಯ ಬಂದ ನೌಕರನನ್ನು ಸರ್ಕಾರಿ ಸಂಸ್ಥೆ ತೆಗೆದುಹಾಕುವಂತಿಲ್ಲ, ಹುದ್ದೆಯಿಂದ ಇಳಿಸುವಂತಿಲ್ಲ. ಇದ್ದ ಹುದ್ದೆಗೆ ಆಗದಿದ್ದರೆ ಅದೇ ವೇತನ ಶ್ರೇಣಿಯ ಬೇರೆ ಹುದ್ದೆ ಕೊಡಬೇಕು, ಅದೂ ಇಲ್ಲದಿದ್ದರೆ ಸೂಕ್ತ ಹುದ್ದೆ ಸಿಗುವ ತನಕ ಅಥವಾ ನಿವೃತ್ತಿ ವಯಸ್ಸಿನ ತನಕ ಸೂಪರ್‌ನ್ಯೂಮರರಿ ಅಂದರೆ ಹೆಚ್ಚುವರಿಯಾಗಿ ಸೃಷ್ಟಿಸಿದ ಹುದ್ದೆಯಲ್ಲಿ ಇಟ್ಟುಕೊಳ್ಳಬೇಕು. ಇದಕ್ಕೂ ಮುಂಚಿನ 1995ರ ಕಾಯ್ದೆಯಲ್ಲಿ ಇದೇ ರಕ್ಷಣೆ 47ನೇ ಸೆಕ್ಷನ್ನಿನಲ್ಲಿತ್ತು. ಕುನಾಲ್ ಸಿಂಗ್ ಪ್ರಕರಣದಲ್ಲಿ 2003ರಲ್ಲಿ ಸುಪ್ರೀಂ ಕೋರ್ಟ್, ಅಶಕ್ತತಾ ಪಿಂಚಣಿ ಕೊಟ್ಟಾಗಿದೆ ಎಂಬ ಕಾರಣಕ್ಕೆ ಈ ರಕ್ಷಣೆಯನ್ನು ನಿರಾಕರಿಸಲಾಗದು ಎಂದಿತು.

ಪಿಂಚಣಿಯ ಲೆಕ್ಕದಲ್ಲಿ ಇದರ ಅರ್ಥ ದೊಡ್ಡದು. ಪಾರ್ಶ್ವವಾಯು, ಕಣ್ಣು ಹೋಗುವುದು, ಪಾರ್ಕಿನ್‌ಸನ್ಸ್‌ನಂಥ ಸ್ಥಿತಿಯಲ್ಲಿ 12 ವರ್ಷ ಸೇವೆಗೆ ಅಶಕ್ತತಾ ಪಿಂಚಣಿ ಪಡೆದು ಹೋಗುವವರಿಗೂ, ಸೂಪರ್‌ನ್ಯೂಮರರಿ ಹುದ್ದೆಯಲ್ಲಿ ಉಳಿದು 56ರ ತನಕ ಸಂಬಳ, ಇಂಕ್ರಿಮೆಂಟ್, ಸೇವೆ ಗಳಿಸುವವರಿಗೂ ಹೋಲಿಕೆಯೇ ಇಲ್ಲ. ಅಶಕ್ತತಾ ಪಿಂಚಣಿಯ ಅರ್ಜಿಗೆ ಸಹಿ ಹಾಕುವ ಮೊದಲು ಅಂಗವೈಕಲ್ಯ ಪ್ರಮಾಣಪತ್ರ ಪಡೆದು, ಈ ಸೆಕ್ಷನ್ನಿನ ಹೆಸರು ಹೇಳಿ ಲಿಖಿತವಾಗಿ ಕೇಳಿ. ಆದರೆ ಇದು ಅಂಗವೈಕಲ್ಯಕ್ಕೆ ಸಿಗುವ ರಕ್ಷಣೆ. ಆ ಕಾಯ್ದೆಯ ವ್ಯಾಪ್ತಿಗೆ ಬಾರದ ಕಾಯಿಲೆಗೆ ಮೊದಲೆರಡು ದಾರಿಗಳೇ ಗತಿ.

ವೈದ್ಯಕೀಯ ರಜೆಯಲ್ಲಿರುವಾಗ ನೌಕರ ತೀರಿಕೊಂಡರೆ ಅದು ಸೇವೆಯಲ್ಲಿದ್ದಾಗಿನ ಮರಣವೇ. ಕುಟುಂಬ ಪಿಂಚಣಿ, ಅನುಕಂಪದ ನೌಕರಿಯ ಅರ್ಜಿ ಎರಡಕ್ಕೂ ಕುಟುಂಬ ಅರ್ಹ. ಸಾಮಾನ್ಯ ಕುಟುಂಬ ಪಿಂಚಣಿ ಕೊನೆಯ ಸಂಬಳದ ಶೇ. 30, ಸೇವಾ ವರ್ಷಗಳ ಅನುಪಾತ ಅದಕ್ಕಿಲ್ಲ. ರಜೆಯ ಮಂಜೂರಾತಿ ಬಾಕಿ ಇದ್ದಾಗಲೇ ಮರಣವಾದರೆ ಮನೆಯವರು ಉಳಿದ ಸರ್ಟಿಫಿಕೇಟುಗಳನ್ನು ಕೂಡಲೇ ಕಚೇರಿಗೆ ತಲುಪಿಸಿ ಆ ಅವಧಿಯನ್ನು ವೈದ್ಯಕೀಯ ರಜೆ ಎಂದು ಆದೇಶ ಮಾಡಿಸಿಕೊಳ್ಳಬೇಕು.

ಎನ್‌ಪಿಎಸ್‌ನವರ ಲೆಕ್ಕವೇ ಬೇರೆ

2013ರ ಬಳಿಕ ಕೇರಳ ಸೇವೆಗೆ ಬಂದವರಿಗೆ ನಿವೃತ್ತಿ 60ಕ್ಕೆ. ಇವರ ಪಿಂಚಣಿ ಖಾತೆಯಲ್ಲಿ ಕೂಡಿದ ಹಣದಿಂದ ಬರುವುದರಿಂದ, ಹಳೆಯವರಿಗೆ ರಕ್ಷೆಯಾದ ವೈದ್ಯಕೀಯ ಸರ್ಟಿಫಿಕೇಟ್ ಇಲ್ಲಿ ಅಷ್ಟು ಕೆಲಸ ಮಾಡುವುದಿಲ್ಲ. ಸಂಬಳವಿಲ್ಲದಾಗ ನೌಕರನ ಶೇ. 10 ಇಲ್ಲ, ಸರ್ಕಾರದ ಶೇ. 10 ಕೂಡ ಇಲ್ಲ. ಮೂಲವೇತನ ಮತ್ತು ತುಟ್ಟಿಭತ್ಯೆ ಸೇರಿ 50,000 ಇರುವವರಿಗೆ ವರ್ಷಕ್ಕೆ 1,20,000 ರೂಪಾಯಿ ಖಾತೆಗೆ ಬಾರದೆ ಹೋಗುತ್ತದೆ. 32ನೇ ವಯಸ್ಸಿನಲ್ಲಿ ತಪ್ಪಿದ ಆ ಹಣ ವಾರ್ಷಿಕ ಶೇ. 8ರಂತೆ 28 ವರ್ಷ ಬೆಳೆದಿದ್ದರೆ ಸುಮಾರು 10.35 ಲಕ್ಷ ಆಗಿರುತ್ತಿತ್ತು. ಎಳೆಯ ಪ್ರಾಯದ ಒಂದು ವರ್ಷದ ಸಂಬಳರಹಿತ ರಜೆ ಎನ್‌ಪಿಎಸ್‌ನವರಿಗೆ ಎಷ್ಟು ದುಬಾರಿ ಎಂಬುದು ಇದರಿಂದ ತಿಳಿಯುತ್ತದೆ.

ಆದ್ದರಿಂದ ಇವರು ಅರ್ಧ ಸಂಬಳವಾದರೂ ಬರುವ ರಜೆಯನ್ನು ಸಾಧ್ಯವಾದಷ್ಟು ಎಳೆಯಬೇಕು. ಚೇತರಿಸಿಕೊಂಡ ಮೇಲೆ ತಮ್ಮ ಪ್ರಾನ್ ಖಾತೆಗೆ (ಎನ್‌ಪಿಎಸ್‌ನ ಸ್ವಂತ ಖಾತೆಗೆ) ಆನ್‌ಲೈನ್‌ನಲ್ಲಿ ಸ್ವಂತ ಹಣ ತುಂಬಿ ಅಂತರವನ್ನು ಸ್ವಲ್ಪ ಮುಚ್ಚಬಹುದು. ತೀವ್ರ ಕಾಯಿಲೆಗೆ ಸ್ವಂತ ವಂತಿಗೆಯ ಶೇ. 25ರ ತನಕ ಹಿಂತೆಗೆಯುವ ಅವಕಾಶವಿದೆ, ಆದರೆ ಅದು ಮುಂದಿನ ಪಿಂಚಣಿಯಿಂದಲೇ ಕಳೆಯುವ ಹಣ. ಇಂಕ್ರಿಮೆಂಟಿಗೆ ಮತ್ತು ಸೇವಾ ನಿರಂತರತೆಗೆ ವೈದ್ಯಕೀಯ ಸರ್ಟಿಫಿಕೇಟ್ ಇವರಿಗೂ ಬೇಕೇ ಬೇಕು. ಪ್ರೊಬೇಷನ್‌ನಲ್ಲಿರುವವರಿಗೆ ದೀರ್ಘ ರಜೆಯಿಂದ ಪ್ರೊಬೇಷನ್ ಅವಧಿ ಮುಂದೆ ಹೋಗುತ್ತದೆ.

ಕೇಂದ್ರ ಮತ್ತು ಕರ್ನಾಟಕದ ಸೇವೆಯಲ್ಲಿರುವವರಿಗೆ

ಸಿಪಿಸಿಆರ್‌ಐ, ಅಂಚೆ ಮೊದಲಾದ ಕಡೆಗಳ ಹಳೆಯ ಪಿಂಚಣಿಯವರಿಗೂ ಮೂಲ ತತ್ವ ಇದೇ. ಸಂಬಳ ಸಹಿತ ರಜೆ ಮತ್ತು ವೈದ್ಯಕೀಯ ಅಸಾಧಾರಣ ರಜೆ (ಅಲ್ಲಿ ಸಂಬಳರಹಿತ ರಜೆಯ ಹೆಸರು) ಎರಡೂ ಅರ್ಹತಾ ಸೇವೆ. ವ್ಯತ್ಯಾಸಗಳು ಬೇರೆ ಕಡೆ ಇವೆ. ಅಲ್ಲಿ 10 ವರ್ಷ ಸೇವೆ ಆದರೆ ಸಾಕು, ಪಿಂಚಣಿ ಪೂರ್ಣ ಶೇ. 50. ಅರ್ನ್ಡ್ ಲೀವ್ 300 ದಿನಕ್ಕೆ ಕಡಿಮೆ ಬಿದ್ದರೆ ಹಾಫ್ ಪೇ ರಜೆಯನ್ನೂ ಸೇರಿಸಿ ಹಣ ಮಾಡಿಕೊಳ್ಳಬಹುದು, ಹಾಗಾಗಿ ರಜೆ ಬಳಸುವ ಕ್ರಮದ ಲೆಕ್ಕ ಅಲ್ಲಿ ಬೇರೆ. ಒಂದು ಬಗೆಯ ರಜೆಯನ್ನು ಇನ್ನೊಂದಕ್ಕೆ ಬದಲಾಯಿಸುವ ಅರ್ಜಿ ಕೆಲಸಕ್ಕೆ ಮರಳಿದ 30 ದಿನದೊಳಗೆ ಹೋಗಬೇಕು. 2019ರ ತಿದ್ದುಪಡಿಯ ಬಳಿಕ 10 ವರ್ಷ ತುಂಬದವರಿಗೂ ಅಶಕ್ತತಾ ಪಿಂಚಣಿ ಸಿಗುತ್ತದೆ. ಎನ್‌ಪಿಎಸ್‌ನಲ್ಲಿರುವ ಕೇಂದ್ರ ನೌಕರರು, ಮರಣ ಅಥವಾ ಅಶಕ್ತತೆ ಬಂದರೆ ಹಳೆಯ ಪಿಂಚಣಿ ನಿಯಮದ ಸೌಲಭ್ಯ ಬೇಕೆಂದು ಆಯ್ಕೆ ಸಲ್ಲಿಸಿರಬೇಕು. ಆ ಫಾರ್ಮ್ ತುಂಬಿದ್ದೀರಾ ಎಂದು ನೋಡಿಕೊಳ್ಳಿ. 18 ವರ್ಷ ಸೇವೆಯಾದಾಗ ಮತ್ತು ನಿವೃತ್ತಿಗೆ 5 ವರ್ಷ ಇರುವಾಗ ಕಚೇರಿಯೇ ಅರ್ಹತಾ ಸೇವೆಯನ್ನು ಪರಿಶೀಲಿಸಿ ಪ್ರಮಾಣಪತ್ರ ಕೊಡಬೇಕೆಂಬ ನಿಯಮವಿದೆ. ಹಳೆಯ ವೈದ್ಯಕೀಯ ರಜೆಯ ನಮೂದು ತಪ್ಪಿದ್ದರೆ ತಿದ್ದಿಸಿಕೊಳ್ಳಲು ಅದಕ್ಕಿಂತ ಒಳ್ಳೆಯ ಸಮಯ ಬೇರೆ ಇಲ್ಲ.

ತಲಪಾಡಿ ದಾಟಿ ಕರ್ನಾಟಕ ಸರ್ಕಾರದ ಕೆಲಸಕ್ಕೆ ಹೋಗುವ ಕಾಸರಗೋಡಿನವರಿಗೆ ಅನ್ವಯಿಸುವುದು ಕರ್ನಾಟಕ ಸಿವಿಲ್ ಸೇವಾ ನಿಯಮಗಳು, ಅಂದರೆ ಕೆಸಿಎಸ್‌ಆರ್. ಗಳಿಕೆ ರಜೆ, ಅರ್ಧ ವೇತನ ರಜೆ, ಪರಿವರ್ತಿತ ರಜೆ, ಅಸಾಧಾರಣ ರಜೆ ಅಲ್ಲೂ ಇವೆ, ಆದರೆ ಮಿತಿಗಳನ್ನು ಆ ನಿಯಮದಿಂದಲೇ ನೋಡಬೇಕು. ಮನೆ ಕೇರಳದಲ್ಲಿದೆ ಎಂಬ ಕಾರಣಕ್ಕೆ ಕೆಎಸ್‌ಆರ್ ಅನ್ವಯಿಸುವುದಿಲ್ಲ.

ಸರ್ವಿಸ್ ಬುಕ್ಕನ್ನು ವರ್ಷಕ್ಕೊಮ್ಮೆ ನೌಕರನಿಗೆ ತೋರಿಸಿ ಸಹಿ ಪಡೆಯಬೇಕೆಂದಿದೆ. ಹೆಚ್ಚಿನ ಕಡೆ ಪುಟ ತೆರೆಯದೆ ಸಹಿ ಹಾಕಿಸಿಕೊಳ್ಳುತ್ತಾರೆ, ನೌಕರರೂ ಹಾಕುತ್ತಾರೆ. ರಜೆ ಖಾತೆಯ ಪುಟ ನೋಡದೆ ಸಹಿ ಹಾಕಬೇಡಿ. ತೋರಿಸಲು ಹಿಂದೇಟು ಹಾಕಿದರೆ ನಿಮ್ಮದೇ ಪುಸ್ತಕದ ಪ್ರಮಾಣೀಕೃತ ನಕಲನ್ನು ಮಾಹಿತಿ ಹಕ್ಕು ಕಾಯ್ದೆಯಡಿ ಕೇಳಬಹುದು. 10 ರೂಪಾಯಿಯ ಕೋರ್ಟ್ ಫೀ ಸ್ಟ್ಯಾಂಪ್ ಅಂಟಿಸಿದ ಅರ್ಜಿ ಸಾಕು, 30 ದಿನದೊಳಗೆ ಉತ್ತರ ಬರಬೇಕು. ತಪ್ಪು ಕಂಡರೆ ಮೂಲ ಸರ್ಟಿಫಿಕೇಟಿನ ಪ್ರತಿಯೊಂದಿಗೆ ರಜೆ ಮಂಜೂರು ಮಾಡಿದ ಅಧಿಕಾರಿಗೆ ತಿದ್ದುಪಡಿ ಆದೇಶಕ್ಕೆ ಬರೆಯಿರಿ. ಆಗದಿದ್ದರೆ ರಾಜ್ಯ ನೌಕರರಿಗೆ ಕೇರಳ ಅಡ್ಮಿನಿಸ್ಟ್ರೇಟಿವ್ ಟ್ರಿಬ್ಯೂನಲ್ ಇದೆ, ಕೇಂದ್ರದವರಿಗೆ ಎರ್ನಾಕುಳಂನಲ್ಲಿರುವ ಸೆಂಟ್ರಲ್ ಅಡ್ಮಿನಿಸ್ಟ್ರೇಟಿವ್ ಟ್ರಿಬ್ಯೂನಲ್‌ನ ಪೀಠ.